ನನ್ನ ಸೆಪಲ್ಕ್ರಲ್ ಕಂಠ

ದೇವರು ಕೆಲವರಿಗೆ ರೂಪ ಕೊಡುತ್ತಾನೆ, ನನಗೆ ದನಿ ಕೊಟ್ಟ. ನಾನು ಬಾಯಿ ತೆರೆದಾಗಲೆಲ್ಲ ಏನಾದರೊಂದು ಆಗುತ್ತಲೇ ಇರುತ್ತದೆ.

ಹೊಗಳಿಕೆ

ಅರವತ್ತರ ದಶಕದ ಕೊನೆಗೆ ನಾನು ಗ್ರಾಂಟ್ ರೋಡಿನ ಬಾಡಿಗೆ ಕಾರಿನ ಆಫೀಸೊಂದರಲ್ಲಿ ಟೆಲಿಫೋನ್ ಆಪರೇಟರ್. ಒಂದು ದಿನ ಸಾಹೇಬರು ನನ್ನ ಮಾತು ಕೇಳಿ, "ಕ್ಯಾ ಸೆಪಲ್ಕ್ರಲ್ ವಾಯ್ಸ್ ಹೈ!" ಎಂದರು. ಸ್ಪೆಷಲ್ ಎಂಬುದರ ಅಣ್ಣನೇ ಇರಬೇಕೆಂದು ಎಲ್ಲರಿಗೂ ಪೇಡೆ ಹಂಚಿದೆ. ಗೋವಾದ ಟೈಪಿಸ್ಟಮ್ಮ ಪೇಡೆ ತಿಂದು ಮುಗಿಸಿ ಅರ್ಥ ಬಿಡಿಸಿದರು: ಸೆಪಲ್ಕರ್ ಎಂದರೆ ಗೋರಿ. 'ಹೂಳು' ಎಂಬರ್ಥದ ಲ್ಯಾಟಿನ್ ಮಾತಿನಿಂದ ಹುಟ್ಟಿದ್ದು. ನನ್ನದು ಗೋರಿಯೊಳಗಿಂದ ಬಂದಂಥ ದನಿ.

ಮನೆಗೆ ಬಂದು ಹೆಂಡತಿಗೆ ಹೇಳಿದೆ. "ಹಾಗಾದ್ರೆ ಸರಿ," ಎಂದಳು. "ನೀವು ಹೆಣ್ಣು ನೋಡ್ಲಿಕ್ಕೆ ಬಂದು ಮಾತಾಡಿದ ಕೂಡ್ಲೇ ನಮ್ಮ ಅಜ್ಜಿ ಒಳಗೆ ಹೋಗಿ ಭಸ್ಮ ಹಚ್ಕೊಂಡು ಬಂದದ್ದು ಅದಕ್ಕೇ!"

ಗಾಡಿ

ಘಾಟ್ಕೋಪರಿನ ಸೇಠ್ ಒಬ್ಬರು ಊರಿಗೆ ಹೋಗಲು ಕಾರು ಹೇಳಿದ್ದರು. ಫೋನ್ ಮಾಡಿದೆ. ಅವರ ಹೆಂಡತಿ ಎತ್ತಿದರು.

"ಸೇಠ್‌ಜಿಯ ಹೊತ್ತಾಯಿತು. ಕರೆದೊಯ್ಯಲು ಗಾಡಿ ಹೊರಟಿದೆ," ಎಂದೆ.

ಆ ಕಡೆಯಿಂದ ನಡುಗುವ ದನಿ: "ಭಾಯಿಸಾಬ್, ಇವರಿಗಿನ್ನೂ ಐವತ್ತೂ ಆಗಿಲ್ಲ. ಮೇಲಿನ ಮಾಳಿಗೆಯಲ್ಲಿ ಹಣ್ಣು ಮುದುಕರಿದ್ದಾರೆ, ಅವರನ್ನೊಮ್ಮೆ ಕೇಳಿ ನೋಡಿ."

ಸಕ್ಕರೆ

ಕುರ್ಲಾದ ನಮ್ಮ ಚಾಳಿನಲ್ಲಿ ವಿಜಾಪುರ ಕಡೆಯ ಮೇಸ್ತ್ರಿಯೊಬ್ಬರು ತೀರಿಕೊಂಡರು. ಊರಿಂದ ಅವರ ತಮ್ಮ ಬರಬೇಕಿತ್ತು, ಕಾಯುತ್ತ ಕೂತೆವು. ಖೋಲಿ ತುಂಬ ಜನ. ಜಾಗವಿಲ್ಲದೆ ನಾನು ಹೆಣದ ತಲೆಯ ಹತ್ತಿರ, ಗೋಡೆಗೆ ಒರಗಿದ್ದೆ. ಹೊರಗೆ ಮಬ್ಬುಗತ್ತಲು. ಊದಿನಕಡ್ಡಿಯ ಹೊಗೆಯಲ್ಲಿ ಆ ಮುಖ ಒಮ್ಮೊಮ್ಮೆ ಅಲುಗಿದಂತೆ ಕಾಣುತ್ತಿತ್ತು. ನಾನು ಅತ್ತ ನೋಡುವುದನ್ನೇ ಬಿಟ್ಟೆ.

ಪಕ್ಕದ ಮನೆಯಾಕೆ ಚಹಾ ತಂದು ಬಾಗಿಲಲ್ಲಿ ನಿಂತಳು. ಅಷ್ಟರಲ್ಲಿ ಲೈಟು ಹೋಯಿತು.

"ಸಕ್ಕರಿ ಬ್ಯಾಡಾದವ್ರು ಯಾರರೆ ಅದಾರೇನ್ರಿ?" ಎಂದು ಆಕೆ ಕತ್ತಲಲ್ಲೇ ಕೇಳಿದಳು.

"ನನಗೆ ಬೇಡ," ಎಂದೆ.

ಒಂದೇ ಚೀತ್ಕಾರ. ಕಪ್ಪುಗಳು ಒಡೆದವು, ಜನ ಒಬ್ಬರ ಮೇಲೊಬ್ಬರು ಬಿದ್ದು ಮೆಟ್ಟಿಲಿಳಿದರು. ಒಳಗೆ ನಾನೊಬ್ಬನೇ ಉಳಿದೆ. ನಗು ಬಂತು. ನಗುತ್ತಿರುವಾಗಲೇ ನನ್ನ ಮೊಣಕಾಲಿನ ಹತ್ತಿರ, ಕೆಳಗಿನಿಂದ, ಯಾರೋ ಮೆಲ್ಲಗೆ ಅಂದರು: "ನನಗೂ ಬ್ಯಾಡ."

ಚಪ್ಪಲಿ ಹುಡುಕುವಷ್ಟು ವ್ಯವಧಾನ ನನಗಿರಲಿಲ್ಲ.

ಅಂಗಳದಲ್ಲಿ ಎಲ್ಲರೂ ಇದ್ದರು, ಒಬ್ಬರೂ ಕಡಿಮೆಯಿಲ್ಲ. "ಆ ದನಿ ನಿಮ್ಮದೇ ಹೌದಲ್ರಿ?" ಎಂದು ಎಲ್ಲರೂ ನನ್ನ ಮೇಲೆ ಏರಿಬಂದರು.

"ಮೊದಲನೆಯದು ನಂದೇ," ಎಂದೆ. "ಆದರೆ ಆಮೇಲೆ ಇನ್ನೊಬ್ಬರು, ನನಗೂ ಸಕ್ಕರೆ ಬೇಡ ಅಂದರು."

ಮೇಸ್ತ್ರಿಯ ಹೆಂಡತಿ ಸೆರಗಿನಿಂದ ಕಣ್ಣೊರಸಿಕೊಂಡು ನಿಧಾನವಾಗಿ ಹೇಳಿದಳು:

"ಖರೇ ಐತ್ರಿ. ಅವರಿಗೆ ಸಕ್ಕರಿ ಬ್ಯಾನಿ ಇತ್ತು."