ಹದಿನಾಲ್ಕು ವರ್ಷದ ಹೊಸ ಕಂಪ್ಯೂಟರ್

ಅಂದು ನಾಲ್ಕು ಗಂಟೆಗೆ ತಪಾಸಣೆಯವರು ಬಂದು, ಕಚೇರಿಯ ಅತಿ ಹಳೆಯ ಕಂಪ್ಯೂಟರನ್ನು ಎತ್ತಿ ಅಲ್ಲಿ ಹೊಸದನ್ನು ಇಡುವವರಿದ್ದರು. ಮರಣಪತ್ರ ಕೊಡುವ ಗುಮಾಸ್ತರು, ಎಲ್ಲರ ಬಾಯಲ್ಲಿ ಯಮರಾಯರು, ಇಸ್ತ್ರಿ ಅಂಗಿ ತೊಟ್ಟೇ ಬಂದಿದ್ದರು. ಆರು ವರ್ಷದಲ್ಲಿ ಒಂಬತ್ತು ಅರ್ಜಿ ಹಾಕಿದ್ದರು, ಪಾಪ! ಅವರ ಯಂತ್ರಕ್ಕೆ ಹದಿನಾಲ್ಕು ವರ್ಷ. ತಪಾಸಣೆಯವರು ಕಣ್ಣಾರೆ ನೋಡಲೆಂದು ಅದರ ಧೂಳನ್ನೂ ಒರೆಸದೆ ಬಿಟ್ಟಿದ್ದರು.

ಹತ್ತೂವರೆಗೆ ಶನಿ ವಕ್ಕರಿಸಿತು. ಮೇಲಿನವರು ಕಳಿಸಿದ ಹೊಸ ತಂತ್ರಾಂಶವನ್ನು ತೆರೆದರೆ ಪರದೆ ಒಂದೇ ಮಾತು ಹೇಳಿತು: "ನಿಮ್ಮ ಆಪರೇಟಿಂಗ್ ಸಿಸ್ಟಂ ಹಳೆಯದು. ಇಲ್ಲಿ ನಡೆಯುವುದಿಲ್ಲ."

ಕಿಟಕಿಯಾಚೆ ಸಾಲು ಬೆಳೆಯಿತು. "ಸತ್ತೋರಂತೂ ಸತ್ರು, ಕಾಗದಕ್ಕೆ ಕಾದು ನಾವೂ ಸಾಯ್ಬೇಕಾ?" ಎಂದು ಒಬ್ಬಾಕೆ ಗಾಜು ಬಡಿದಳು.

ಸಾಹೇಬರು ಹೊರಗೆ ಬಂದು ಗುಡುಗಿದರು. "ನಾಲ್ಕರೊಳಗೆ ಈ ಸಾಲು ಕರಗ್ಲಿಲ್ಲ ಅಂದ್ರೆ ನಿಮ್ಮನ್ನ ಉಗ್ರಾಣಕ್ಕೆ ಎತ್ತಾಕ್ತೀನಿ!"

ಪಕ್ಕದ ಮೇಜಿನ ಜನನ ವಿಭಾಗದಾಕೆಗೆ ತೊಟ್ಟಿಲಮ್ಮ ಎಂದು ಹೆಸರು. ಅಂದು ಆಕೆಯ ಕಿಟಕಿಗೆ ವಾರದ ಬಿಡುವು. ಕುರ್ಚಿ ಎಳೆದುಕೊಂಡು ಬಂದು ಒಂದು ಪೆನ್‌ಡ್ರೈವ್ ಮುಂದೆ ಹಿಡಿದಳು.

"ಇದನ್ನ ಹಾಕ್ಕೊಳ್ಳಿ ರಾಯ್ರೇ. ಯಾರೋ ಪುಣ್ಯಾತ್ಮ ಮನೇಲಿ ಕೂತು ಹಳೇ ಕಂಪ್ಯೂಟರಿಗೆ ಅಂತ ಮಾಡಿರೋ ತೇಪೆ. ಯಾರು ಬಂದು ಕೇಳಿದ್ರೂ ನಿಮ್ಮ ಮುದುಕ 'ನಾನು ಈ ವರ್ಷದವನು' ಅಂತಾನೆ."

"ಕಳ್ಳ ಮಾಲಲ್ವೇನಮ್ಮಾ? ಸಾಹೇಬ್ರಿಗೆ ಗೊತ್ತಾದ್ರೆ ಕೆಲಸಾನೇ ಹೋಗುತ್ತೆ!"

"ಮೊದ್ಲು ಸಾಲು ನೋಡಿ, ಆಮೇಲೆ ನೀತಿ ಹೇಳಿ."

ರಾಯರು ಹಾಕಿದರು. ಮುದುಕ ಕೆಮ್ಮಿದ, ಎರಡು ಸಲ ಕಣ್ಣು ಮುಚ್ಚಿದ, ಎದ್ದವನೇ ಕುದುರೆಯಂತೆ ಓಡಿದ. ನಾಲ್ಕಕ್ಕೆ ಐದು ನಿಮಿಷ ಇರುವಾಗ ಕೊನೆಯ ಪತ್ರ ಮುದ್ರಣವಾಯಿತು. ರಾಯರಿಗೆ ಹೋದ ಜೀವ ಬಂದಂತಾಯಿತು.

ತಪಾಸಣೆಯವನು ಬಂದ. ಧೂಳು ನೋಡಲಿಲ್ಲ, ಬಿರುಕು ಬಿಟ್ಟ ಕೀಲಿಮಣೆಯನ್ನೂ ನೋಡಲಿಲ್ಲ. ಒಂದು ತಂತಿ ಸಿಕ್ಕಿಸಿ, ಕಂಪ್ಯೂಟರನ್ನೇ ವಯಸ್ಸು ಕೇಳಿದ.

"ಈ ವರ್ಷದ್ದು! ಫಸ್ಟ್ ಕ್ಲಾಸಾಗಿದೆ," ಎಂದ.

"ಅಯ್ಯೋ ಸ್ವಾಮಿ, ಅದು ಬಾಯಿಗೆ ಬಂದಿದ್ದು ಹೇಳ್ತಿದೆ!"

"ಯಾಕೆ, ಅದಕ್ಕೇನಾದ್ರೂ ಹಾಕಿದ್ದೀರಾ?"

ಬಾಗಿಲಲ್ಲಿ ಸಾಹೇಬರು ನಿಂತಿದ್ದರು. ರಾಯರು ಅತ್ತ ನೋಡಿ, "ಇಲ್ಲ," ಎಂದರು.

"ಹಾಗಿದ್ರೆ ಇಲ್ಲೊಂದು ಸಹಿ ಹಾಕಿ. ಇನ್ನು ಹತ್ತು ವರ್ಷ ಬದಲಿ ಬೇಡ ಅಂತ."

ರಾಯರು ಸಹಿ ಹಾಕಿದರು. ಹೊಸ ಕಂಪ್ಯೂಟರಿನ ಪೆಟ್ಟಿಗೆ ತೊಟ್ಟಿಲಮ್ಮನ ಮೇಜಿಗೆ ಹೋಯಿತು. ಆಕೆಯದು ಎಂಟೇ ವರ್ಷದ್ದು, ಆದರೂ ತಪಾಸಣೆಯವನ ಪಟ್ಟಿಯಲ್ಲಿ ಈಗ ಅದೇ ಅತಿ ಹಳೆಯದು.

"ಅಲ್ಲಮ್ಮಾ, ಈ ತೇಪೆ ನಿಮ್ಮ ಹತ್ರ ಹೇಗೆ ಬಂತು?" ರಾಯರು ಮೆಲ್ಲಗೆ ಕೇಳಿದರು.

"ಎರಡು ವರ್ಷದಿಂದ ನಂದಕ್ಕೂ ಇದನ್ನೇ ಹಾಕಿದ್ದೆ ರಾಯ್ರೇ. ತಪಾಸಣೆ ಅಂತ ಗೊತ್ತಾಯ್ತಲ್ಲ, ನಿನ್ನೆ ತೆಗೆದ್ಬಿಟ್ಟೆ." ಆಕೆ ಪೆಟ್ಟಿಗೆಯ ಅಂಟುಪಟ್ಟಿ ಕೀಳುತ್ತ ಕೈ ಚಾಚಿದಳು. "ನಿಮ್ಗೆ ಹೇಳೋದೇ ಮರ್ತೋಯ್ತು ನೋಡಿ. ಎಲ್ಲಿ, ನನ್ನ ಪೆನ್‌ಡ್ರೈವ್ ಕೊಡಿ."

ರಾಯರು ಕೊಟ್ಟರು.