ಗಲ್ಲಾದಿಂದ ಕಂಡ ನವಮಿ

ಆಷಾಢದ ಆ ಬೆಳಿಗ್ಗೆ ಜಲಜಾಕ್ಷಿ ಗಲ್ಲಾದ ಕುರ್ಚಿಯಿಂದ ಏಳಲೊಲ್ಲೆ ಎಂದದ್ದೇ ಎಲ್ಲ ತಾಪತ್ರಯಕ್ಕೂ ಮೂಲ.

ಭಾವನ ಹೊಸ ಹೋಟೆಲಿನ ಪೂಜೆಗೆಂದು ಔರಂಗಾಬಾದಿಗೆ ಹೋಗಿದ್ದ ಮುದ್ದಣ್ಣ ಹಿಂದಿನ ರಾತ್ರಿಯಷ್ಟೇ ನಾಸಿಕಕ್ಕೆ ಮರಳಿದ್ದ. ಅವನಿಲ್ಲದಾಗ ಇಲ್ಲಿಯ ಹೋಟೆಲು ನೋಡಿಕೊಂಡವಳು ಹೆಂಡತಿ ಜಲಜಾಕ್ಷಿ.

"ಇನ್ನು ಇಲ್ಲಿ ನಾನೇ ಕೂರ್ತೇನೆ. ನೀವು ಒಳಗೆ ಅಡುಗೆ ನೋಡಿಕೊಳ್ಳಿ" ಎಂದಳು ಜಲಜಾಕ್ಷಿ.

"ಎಂತ ಮಾತು ಮಾರಾಯ್ತಿ? ಗಿರಾಕಿಗಳು ಬರುವುದೇ ನನ್ನ ಮುಖ ನೋಡಿ."

ಆ ಮುಖ ತಣಿದ ಇಡ್ಲಿಯ ಹಾಗಿತ್ತು. ಆದರೂ ಜಲಜಾಕ್ಷಿ ನಗಲಿಲ್ಲ. "ಹಾಗಾದ್ರೆ ಇವತ್ತು ಸಂಜೆ ಹೋಟೆಲು ತುಂಬಿಸಿ ತೋರಿಸಿ. ತುಂಬಿದ್ರೆ ಕುರ್ಚಿ ನಿಮ್ಮದು, ಇಲ್ಲದಿದ್ರೆ ನನ್ನದು" ಎಂದು ಎದ್ದು ಒಳಗೆ ಹೋದಳು.

ಆ ಕುರ್ಚಿ ಬಿಟ್ಟರೆ ಮುದ್ದಣ್ಣನಿಗೆ ಲೋಕದಲ್ಲಿ ಬೇರೆ ಪದವಿ ಇರಲಿಲ್ಲ. ನೇರವಾಗಿ ಪಕ್ಕದ ಮನೆಯ ರೇವಣಪ್ಪನ ಬಾಗಿಲು ತಟ್ಟಿ ಹೊತ್ತುಗನ್ನಡಿ ಕಡ ತಂದ.

ಈ ಕತೆಯ ನಾಸಿಕ ನಮ್ಮ ನಿಮ್ಮ ನಾಸಿಕವಲ್ಲ ಎಂದು ಇಲ್ಲೇ ಹೇಳಿಬಿಡುವುದು ಒಳ್ಳೆಯದು. ಅಲ್ಲಿ ಮನೆಗೊಂದು ರೇಡಿಯೋ ಇದ್ದರೆ ಓಣಿಗೊಂದು ಹೊತ್ತುಗನ್ನಡಿ ಇರುತ್ತಿತ್ತು, ಎರಡಕ್ಕೂ ಸರಕಾರದ ಲೈಸೆನ್ಸು ಬೇಕಿತ್ತು. ಹಿತ್ತಾಳೆಯ ಕೊಳವೆ, ತುದಿಗೊಂದು ಗಾಜು, ಪಕ್ಕದಲ್ಲೊಂದು ಚಕ್ರ. ಚಕ್ರ ತಿರುವಿ ಕಣ್ಣಿಟ್ಟರೆ ಎದುರಿಗಿರುವ ಜಾಗದಲ್ಲಿ ಆಗಿಹೋದದ್ದೋ ಆಗಲಿರುವುದೋ ಕಾಣಿಸುತ್ತಿತ್ತು.

ಮುದ್ದಣ್ಣ ಗಲ್ಲಾದಲ್ಲಿ ಕೂತು, ರುಬ್ಬುಗುಂಡು ತಿರುವಿ ಪಳಗಿದ ಕೈಯಿಂದ ಇವತ್ತಿನ ಸಂಜೆ ನೋಡಲೆಂದು ಚಕ್ರ ತಿರುವಿದ. ಕಣ್ಣಿಟ್ಟವನೇ ಹಿಗ್ಗಿಬಿಟ್ಟ. ಕಾಲಿಡಲು ಜಾಗವಿಲ್ಲ! ಬೆಂಚುಗಳ ಮೇಲೆ, ಮೆಟ್ಟಿಲ ಮೇಲೆ ಜನ. ಎಲ್ಲರ ಕೈಯಲ್ಲೂ ಕಾಂದಾ ಭಜಿ, ಕಾಂದಾ ಉತ್ತಪ್ಪ, ಎಲ್ಲ ನೀರುಳ್ಳಿಯದೇ. ಎಲ್ಲರೂ ಅವನತ್ತಲೇ ನೋಡಿ ನಗುತ್ತಿದ್ದಾರೆ.

ಗೋಡೆಯ ಮೇಲಿದ್ದ, ಹುಟ್ಟೂರಿನಿಂದ ತರಿಸಿದ ಪಂಚಾಂಗ ನೋಡಿದ. ಇವತ್ತು ನವಮಿ. ಸರಿಯಾಯಿತು! ಏಕಾದಶಿಯಿಂದ ನಾಲ್ಕು ತಿಂಗಳು ನೀರುಳ್ಳಿ ಮುಟ್ಟದ ನಾಸಿಕದ ಜನ ಅದಕ್ಕೆ ಮೊದಲು ಮನಸಾರೆ ತಿಂದುಬಿಡುವ ದಿನವೇ ಕಾಂದಾ ನವಮಿ.

ಅರ್ಧ ತಾಸಿನಲ್ಲಿ ಪೇಟೆಯಿಂದ ಲಾಸಲಗಾಂವ್ ನೀರುಳ್ಳಿಯ ಮೂಟೆಗಳು ಟಾಂಗಾದಲ್ಲಿ ಬಂದಿಳಿದವು. ರೇವಣಪ್ಪನ ಹೆಂಡತಿ ಕಾಶಿಬಾಯಿ ಜಗುಲಿಯಿಂದಲೇ ಕೂಗಿದಳು, "ಅಣ್ಣಾರ, ನವಮಿ ನಿನ್ನೀನೇ ಆತಲ್ರಿ. ಇವತ್ತ ದಶಮಿ ಅದ."

"ಅದು ನಿಮ್ಮ ಇಲ್ಲಿಯ ಕ್ಯಾಲೆಂಡರಿನಲ್ಲಿ ಅಕ್ಕ. ನಮ್ಮ ಊರಿನ ಪಂಚಾಂಗದಲ್ಲಿ ಇವತ್ತೇ. ಕಣ್ಣಾರೆ ನೋಡಿದ್ದೇನೆ."

ಊರಿನ ಪಂಚಾಂಗಕ್ಕೂ ನಾಸಿಕದ್ದಕ್ಕೂ ಕೆಲವು ವರ್ಷ ಒಂದು ದಿನದ ಜಗಳವಿರುತ್ತದೆ. ಅಂಥ ಜಗಳದಲ್ಲಿ ಮುದ್ದಣ್ಣ ಯಾವತ್ತೂ ಊರಿನ ಪಕ್ಷ. ಜಲಜಾಕ್ಷಿಯನ್ನು ಕೇಳಿದರೆ, "ನಿಮ್ಮಿಷ್ಟ ಮಾರಾಯ್ರೆ" ಎಂದಳು ಅಷ್ಟೆ.

ಅಡುಗೆಯ ಹರಿದಾಸ ಭಟ್ಟರೂ ಮುದ್ದಣ್ಣನೂ ಗಾಳಿ ಬರಲೆಂದು ಬಾಗಿಲಲ್ಲೇ ಕೂತು ನೀರುಳ್ಳಿ ಹೆಚ್ಚತೊಡಗಿದರು. ಮಧ್ಯಾಹ್ನದ ಹೊತ್ತಿಗೆ ಇಬ್ಬರ ಕಣ್ಣೂ ಮೂಗೂ ಗೋದಾವರಿ. ಬೀದಿಯಲ್ಲಿ ಹೋಗುತ್ತಿದ್ದ ಬಟ್ಟೆ ವ್ಯಾಪಾರಿ ಶಿವರಾಯ ಸೈಕಲ್ಲಿನಿಂದ ಇಳಿದ.

"ಯಾರು ಹೋದ್ರಿ ಅಣ್ಣಾರ? ಔರಂಗಾಬಾದನ್ಯಾಗ ಭಾವಾರು ಆರಾಮ ಇದ್ರಲ್ರಿ?"

"ಯಾರೂ ಹೋಗ್ಲಿಲ್ಲ, ಇದು ನೀರುಳ್ಳಿ" ಎನ್ನಲು ಹೊರಟ ಮುದ್ದಣ್ಣನಿಗೆ ಬಿಕ್ಕಳಿಕೆ ಬಂದು, "ಭಾ... ಭಾವ..." ಎಂಬಷ್ಟಕ್ಕೇ ಮಾತು ನಿಂತಿತು. ಶಿವರಾಯನಿಗೆ ಅಷ್ಟು ಸಾಕಾಯಿತು. ಸಂಜೆಯೊಳಗೆ ಇಡೀ ಓಣಿಗೆ ಸುದ್ದಿ ಮುಟ್ಟಿತು. ಜನ ಬಂದರು, ಬೇಕಾದಷ್ಟು ಬಂದರು. ಹೊರಗೇ ನಿಂತು ಕೈಮುಗಿದು, "ಧೈರ್ಯ ತಗೋರಿ" ಎಂದು ಹೇಳಿ ಹೋದರು. ಸೂತಕದ ಹೋಟೆಲಿನಲ್ಲಿ ನೀರು ಕುಡಿಯಲೂ ಒಬ್ಬರೂ ಒಳಗೆ ಬರಲಿಲ್ಲ.

ಬೆಟ್ಟದಷ್ಟು ಭಜಿಯ ಮುಂದೆ ಮುದ್ದಣ್ಣ ತಲೆ ಮೇಲೆ ಕೈಹೊತ್ತು ಕೂತ. ಕನ್ನಡಿಯನ್ನು ಒಯ್ಯಲು ಬಂದ ರೇವಣಪ್ಪ ಅವನ ಗೋಳು ಕೇಳಿ, ಚಕ್ರ ನೋಡಿ ಹಣೆ ಚಚ್ಚಿಕೊಂಡ.

"ಎಡಕ್ಕ ತಿರುವೀರಲ್ರಿ. ಮುಂದಿಂದು ಕಾಣಬೇಕಂದ್ರ ಬಲಕ್ಕ ತಿರುವಬೇಕು. ನೀವು ನೋಡಿದ್ದು ನಿನ್ನಿದು."

ಮುದ್ದಣ್ಣನ ಮುಖ ಮತ್ತೆ ಅರಳಿತು. "ಅಂದ್ರೆ ನಿನ್ನೆ ಅಷ್ಟು ಜನ ಬಂದಿದ್ರು? ನನ್ನ ಹೋಟೆಲಿಗೆ? ನೋಡಿದ್ರಾ, ಅವರೆಲ್ಲ ನನ್ನತ್ತಲೇ ನೋಡಿ ನಗ್ತಿದ್ರು."

"ನೀವು ಔರಂಗಾಬಾದನ್ಯಾಗ ಇದ್ರಿ" ಎಂದ ರೇವಣಪ್ಪ. ಎದುರು ಗೋಡೆಗೆ ಹೋಗಿ, ಗಲ್ಲಾದ ಕಡೆಗೆ ಕನ್ನಡಿ ಹಿಡಿದು ನೋಡಿದ. ನಗು ತಡೆಯಲಾರದೆ ಮುದ್ದಣ್ಣನ ಕೈಗೆ ಕೊಟ್ಟ.

ಗಾಜಿನೊಳಗೆ, ಗಲ್ಲಾದ ಕುರ್ಚಿಯಲ್ಲಿ, ಮಲ್ಲಿಗೆ ಮುಡಿದು ಜಲಜಾಕ್ಷಿ ಕೂತಿದ್ದಳು. ಗಿರಾಕಿಗಳು ನೋಡಿ ನಗುತ್ತಿದ್ದದ್ದು ಅವಳನ್ನು.

"ನಿನ್ನೆ ಇಷ್ಟು ವ್ಯಾಪಾರ ಆಯ್ತೆಂದು ನನಗೆ ಹೇಳಬಾರದಿತ್ತಾ?" ಎಂದು ಒಳಗಿನಿಂದ ಬಂದ ಹೆಂಡತಿಯನ್ನು ಮುದ್ದಣ್ಣ ಕೇಳಿದ.

"ರಾತ್ರಿ ಬಂದವರು ಮಲಗುವ ತನಕ ಭಾವನ ಹೋಟೆಲಿನ ಸುದ್ದಿಯನ್ನೇ ಹೇಳಿದ್ರಿ. ನಮ್ಮ ಹೋಟೆಲು ಹೇಗೆ ನಡೀತು ಅಂತ ಒಂದು ಮಾತು ಕೇಳಿದ್ರಾ?" ಎಂದು ಜಲಜಾಕ್ಷಿ ಸೀರೆಯ ನೆರಿಗೆ ಸರಿಮಾಡಿಕೊಂಡು ಕುರ್ಚಿಯಲ್ಲಿ ಕೂತಳು.

ಮುದ್ದಣ್ಣ ಈ ಸಲ ಚಕ್ರವನ್ನು ಬಲಕ್ಕೇ ತಿರುವಿ, ನಾಳೆಯ ಹೋಟೆಲನ್ನು ಮೂಲೆಮೂಲೆ ಹುಡುಕಿದ. "ನಾಳೆ ನಾನೆಲ್ಲೂ ಕಾಣುವುದಿಲ್ಲವಲ್ಲ ಮಾರಾಯ್ತಿ" ಎಂದ ಗಾಬರಿಯಿಂದ.

"ಅಲ್ಲಿ ನಿಂತು ನೋಡಿದ್ರೆ ಹೇಗೆ ಕಾಣ್ತೀರಿ?" ಎಂದಳು ಜಲಜಾಕ್ಷಿ. "ಅಡುಗೆಮನೆ ಬಾಗಿಲಿಗೆ ಹೋಗಿ ಒಳಗೆ ನೋಡಿ."