ಆರು ಹಾಡಿನ ಕರಾರು

ಚೌಕಾಸಿ ಬಾರದವರನ್ನು ಕಂಡರೆ ನನಗೆ ಮರುಕ. ರವಿವಾರ ಪೇಟೆಯಲ್ಲಿ ಬೆಲ್ಲದ ಸಗಟು ಅಂಗಡಿಯನ್ನು ಒಬ್ಬಳೇ ಕಟ್ಟಿ ನಿಲ್ಲಿಸಿದವಳು ನಾನು; ಎದುರಿನವರು ಬಾಯಿ ತೆರೆಯುವ ಮೊದಲೇ ಎಲ್ಲಿಗೆ ಇಳಿಯುತ್ತಾರೆಂದು ತಿಳಿದುಬಿಡುತ್ತದೆ. ಹಾಗಾಗಿ ಅಣ್ಣನ ಮಗಳು ಸ್ಫೂರ್ತಿ, “ಅತ್ತಿ, ಖಾನಾಪುರದಾಗ ನಂದು ಪ್ರೋಗ್ರಾಮ್ ಐತಿ, ಮಂಡಳದವರ ಕೂಡ ನೀನ ಮಾತಾಡು” ಎಂದಾಗ ಹಿಗ್ಗಿದೆ. ಅವಳು ಪಂಕ್ ರಾಕ್ ಗಾಯಕಿ. ಅದೇನೋ ಭಾವಗೀತೆಯ ಹೊಸ ಬಗೆ ಇರಬೇಕೆಂದುಕೊಂಡಿದ್ದೆ. ಸಂಭಾವನೆ ಸಿಗುವ ಮೊದಲ ಕಾರ್ಯಕ್ರಮ ಇದು. ಕೆಟ್ಟರೆ ಹಾಡು ಬಿಟ್ಟು ಬಿ.ಎಡ್. ಸೇರಬೇಕೆಂದು ಅಣ್ಣ ಹೇಳಿಬಿಟ್ಟಿದ್ದ. ಉತ್ಸವ ಮಂಡಳದ ಅಧ್ಯಕ್ಷರು ಹದಿನೈದು ಹಾಡು ಕೇಳಿದರು. ನಾನು ಜಗ್ಗಾಡಿ ಆರಕ್ಕೆ ತಂದೆ. ನಮ್ಮ ಕಡೆ ಪಲ್ಲವಿಯನ್ನೇ ನಾಲ್ಕು ಸಲ ಹಾಡುತ್ತಾರಲ್ಲ, ಆರು ಹಾಡಿಗೆ ಒಂದು ತಾಸು ಸಾಕೆಂದು ನನ್ನ ಅಂದಾಜು.

ವೇದಿಕೆಗೆ ಬಂದವಳು ನಮ್ಮ ಸ್ಫೂರ್ತಿಯೆಂದು ಮೊದಲು ಗುರುತೇ ಸಿಗಲಿಲ್ಲ. ಬೆಳಿಗ್ಗೆ ಉದ್ದ ಜಡೆಯಿದ್ದ ತಲೆ ಈಗ ಒಂದು ಬದಿ ಬೋಳು, ಇನ್ನೊಂದು ಬದಿ ಹಸಿರು! ಮೊಣಕಾಲಲ್ಲಿ ಹರಿದ ಪ್ಯಾಂಟು. ನಾನು ಗಾಬರಿಯಲ್ಲಿ ಪರ್ಸಿನೊಳಗೆ ಸೂಜಿದಾರ ಹುಡುಕಿದೆ. ಅಷ್ಟರಲ್ಲಿ ಗಿಟಾರು ಕಿರುಚಿತು, ಅವಳೂ ಕಿರುಚಿದಳು, ಸೂಜಿ ಸಿಗುವುದರೊಳಗೆ ಮೊದಲ ಹಾಡು ಮುಗಿದಿತ್ತು. ಆರೂ ಹಾಡು ಹತ್ತೇ ನಿಮಿಷದಲ್ಲಿ ಖಲಾಸ್! ನೀವು ಹಾಡಿನ ಕರಾರು ಮಾಡುವುದಾದರೆ ತಾಸಿನ ಮೇಲೆ ಮಾಡಿ, ಎಣಿಕೆಯ ಮೇಲೆ ಬೇಡ.

“ಅಕ್ಕಾರ, ಇದೇನ್ರಿ! ಊದಿನಕಡ್ಡಿ ಇನ್ನೂ ಅರ್ಧಾ ಸುಟ್ಟಿಲ್ಲ!” ಎಂದರು ಅಧ್ಯಕ್ಷರು.

“ಆರು ಆದ್ವಲ್ರಿ? ಎಣಸ್ಕೋರಿ” ಎಂದೆ, ಚೌಕಾಸಿಯ ಚಟಕ್ಕೆ. ಆದರೆ ಸ್ಫೂರ್ತಿಯ ಮುಖ ಬಿಳಿಚಿತ್ತು. ಅಣ್ಣ ಆಗಲೇ ಕುರ್ಚಿ ಬಿಟ್ಟು ಎದ್ದಿದ್ದ.

ಆಗ ನನ್ನ ಬಾಜುವಿನಲ್ಲಿದ್ದ ಪಾರಿಶ್ವಾಡದ ಮುದುಕಿ ಕೂಗಿದಳು: “ಯವ್ವಾ, ಸಿಟ್ಟು ಬಂದದ್ದು ತಿಳೀತು, ಯಾಕ ಬಂತು ತಿಳೀಲಿಲ್ಲ. ಬಿಡಿಸಿ ಹೇಳಿ ಇನ್ನೊಮ್ಮೆ ಹಾಡ!”

ಸ್ಫೂರ್ತಿ ಅರ್ಥ ಹೇಳುತ್ತ ಮತ್ತೆ ಹಾಡಿದಳು. ಬಾಡಿಗೆಗೆ ಮನೆ ಕೊಡದವರ ಮೇಲೊಂದು, ಬಸ್ಸಿನಲ್ಲಿ ಮೈ ತಾಗಿಸುವವರ ಮೇಲೊಂದು. ಹೆಂಗಸರು ಎದ್ದು ನಿಂತು ದನಿಗೂಡಿಸಿದರು, ಅಣ್ಣ ಮೆಲ್ಲಗೆ ಕುಳಿತ. ನಾನೂ ಸೆರಗು ಸಿಕ್ಕಿಸಿ ಚಪ್ಪಾಳೆ ತಟ್ಟತೊಡಗಿದೆ. “ಮುಂದಿಂದು, ನನ್ನ ಬಣ್ಣ, ಎತ್ತರಾ ಹೇಳಿ ವರನ ಕಡಿಯವರ ಕೂಡ ಚೌಕಾಸಿ ಮಾಡಿದಾಕಿ ಮ್ಯಾಲ” ಎಂದಳು ಸ್ಫೂರ್ತಿ. ನನ್ನ ಕೈ ಗಾಳಿಯಲ್ಲೇ ನಿಂತಿತು. ಹೋದ ವರ್ಷ ಆ ಸಂಬಂಧ ತಂದು ಚೌಕಾಸಿಗೆ ಕೂತವಳು ನಾನೇ.

“ಯಾರೀ ಆಕಿ, ನಾಚಿಕಿಗೇಡಿ?” ಮುದುಕಿ ನನ್ನನ್ನೇ ಕೇಳಿದಳು.

“ಇರ್ತಾರ ಬಿಡ್ರಿ ಅಂಥವ್ರು” ಎಂದು, ನಿಲ್ಲಿಸಿದರೆ ಗುರುತು ಹತ್ತೀತೆಂದು, ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದೆ.